ಸುದ್ದಿ ಪತ್ರಿಕೆಯದು, ನೋಟ ತೆರೆಯದು: ಮೂಕಿ ಕಾಲದ ವಾರ್ತಾಚಿತ್ರಗಳು

ಪ್ರಶ್ನೆ: ಮುಖ್ಯ ಚಿತ್ರಕ್ಕೆ ಮೊದಲು ಫಿಲ್ಮ್ಸ್ ಡಿವಿಷನ್ನಿನ ವಾರ್ತಾಚಿತ್ರ ನೋಡಿ ಬೆಳೆದವರು ನಾವು. ಅದರಲ್ಲಿ ವಿವರಣೆಯ ದನಿಯೇ ಎಲ್ಲವನ್ನೂ ಹೇಳಿಬಿಡುತ್ತಿತ್ತು. ದನಿಯೇ ಇಲ್ಲದ ಕಾಲದಲ್ಲಿ ವಾರ್ತಾಚಿತ್ರ ಸುದ್ದಿಯನ್ನು ಹೇಗೆ ತಲುಪಿಸುತ್ತಿತ್ತು? ಘಟನೆ ನಡೆದ ಎಷ್ಟು ದಿನಕ್ಕೆ ಅದು ತೆರೆಗೆ ಬರುತ್ತಿತ್ತು? ಈಗ ಅಂತರ್ಜಾಲದಲ್ಲಿ ಸಿಗುವ ಹಳೆಯ ತುಣುಕುಗಳಲ್ಲಿ ಜನ ಓಡಿದ ಹಾಗೆ ನಡೆಯುವುದೇಕೆ? ಅವುಗಳಲ್ಲಿ ಅಸಲಿ ಯಾವುದು, ನಾಟಕ ಯಾವುದು ಎಂದು ತಿಳಿಯಲು ದಾರಿಯಿದೆಯೇ?

ಉತ್ತರ: ಆ ಕಾಲದಲ್ಲಿ ಯಾರೂ ಸುದ್ದಿ ತಿಳಿದುಕೊಳ್ಳಲು ಚಿತ್ರಮಂದಿರಕ್ಕೆ ಹೋಗುತ್ತಿರಲಿಲ್ಲ. ಸುದ್ದಿಯನ್ನು ಅವರು ಬೆಳಗಿನ ಪತ್ರಿಕೆಯಲ್ಲಿ ಓದಿಯಾಗಿರುತ್ತಿತ್ತು, ಇಲ್ಲವೇ ಓದಿದವರ ಬಾಯಿಂದ ಕೇಳಿಯಾಗಿರುತ್ತಿತ್ತು. ಹಾಗೆ ಗೊತ್ತಾದದ್ದು ನೋಡಲು ಹೇಗಿತ್ತು ಎಂಬ ಕುತೂಹಲ ಮಾತ್ರ ಉಳಿದಿರುತ್ತಿತ್ತು. ರಾಜನ ಮುಖ ಹೇಗಿದೆ, ಗೆದ್ದ ಕುದುರೆ ಯಾವುದು, ನೆರೆ ಎಲ್ಲಿಯವರೆಗೆ ಏರಿತ್ತು, ಇಷ್ಟನ್ನು ತೋರಿಸಿದರೆ ವಾರ್ತಾಚಿತ್ರದ ಕೆಲಸ ಮುಗಿಯಿತು. ಆದ್ದರಿಂದ ದನಿಯಿಲ್ಲದಿರುವುದು ನಾವು ಊಹಿಸುವಷ್ಟು ದೊಡ್ಡ ಕೊರತೆಯಾಗಿರಲಿಲ್ಲ. ಇಲ್ಲಿ ಮುಖ್ಯವಾಗಿ ಬ್ರಿಟನ್ನಿನ ಉದಾಹರಣೆಗಳನ್ನು ಬಳಸುತ್ತೇನೆ. ಚಿತ್ರಗಳೂ ಸಂಚಿಕೆಗಳ ಪಟ್ಟಿಗಳೂ ಜೊತೆಯಾಗಿ ಚೆನ್ನಾಗಿ ಉಳಿದುಬಂದಿರುವ ದೇಶಗಳಲ್ಲಿ ಅದೊಂದು.

ನಡೆದ ಘಟನೆಯನ್ನು ಚಿತ್ರಿಸಿ ತೋರಿಸುವುದು ಸಿನಿಮಾದಷ್ಟೇ ಹಳೆಯದು. 1895ರ ಜೂನ್‌ನಲ್ಲಿ ಲ್ಯೂಮಿಯೇರ್ ಸಹೋದರರು ಛಾಯಾಗ್ರಾಹಕರ ಸಮ್ಮೇಳನಕ್ಕೆ ದೋಣಿಯಿಂದ ಇಳಿದು ಬರುತ್ತಿದ್ದ ಪ್ರತಿನಿಧಿಗಳನ್ನೇ ಚಿತ್ರಿಸಿ, ಆ ಸಮ್ಮೇಳನ ಮುಗಿಯುವ ಮೊದಲೇ ಅವರಿಗೆ ತೋರಿಸಿದ್ದರು. ಮರುವರ್ಷ ಜೂನ್ 3ರಂದು ರಾಬರ್ಟ್ ಪಾಲ್ ಇಂಗ್ಲೆಂಡಿನ ಡರ್ಬಿ ಕುದುರೆ ಓಟವನ್ನು ಚಿತ್ರಿಸಿ ಮರುದಿನ ಸಂಜೆಯೇ ಲಂಡನ್ನಿನ ಅಲ್ಹಾಂಬ್ರಾ ರಂಗಮಂದಿರದಲ್ಲಿ ಓಡಿಸಿದರು. ಆದರೆ ಇವೆಲ್ಲ ಬಿಡಿ ತುಣುಕುಗಳು. ಪ್ರದರ್ಶಕರು ಅಡಿ ಲೆಕ್ಕದಲ್ಲಿ ಕೊಂಡು, ಹರಿಯುವತನಕ ಓಡಿಸುತ್ತಿದ್ದರು.

ಪತ್ರಿಕೆಯಂತೆ ನಿಯಮಿತವಾಗಿ ಸಂಚಿಕೆ ಹೊರಡಿಸುವ ಪದ್ಧತಿಯನ್ನು ಪ್ಯಾರಿಸ್ಸಿನ ಪಾಥೆ ಸಂಸ್ಥೆ 1908ರ ಸುಮಾರಿಗೆ ಶುರುಮಾಡಿತು. 1910ರ ಜೂನ್‌ನಲ್ಲಿ ಅದರ ಲಂಡನ್ ಆವೃತ್ತಿ ‘ಪಾಥೇಸ್ ಆ್ಯನಿಮೇಟೆಡ್ ಗೆಜೆಟ್’ ಬಂತು. ಅದೇ ವರ್ಷ ‘ಗೋಮಾಂ ಗ್ರಾಫಿಕ್’, 1911ರ ಸೆಪ್ಟೆಂಬರ್‌ನಲ್ಲಿ ‘ಟಾಪಿಕಲ್ ಬಜೆಟ್’. ಅಮೆರಿಕದಲ್ಲಿ 1911ರ ಆಗಸ್ಟ್‌ನಲ್ಲಿ ‘ಪಾಥೇಸ್ ವೀಕ್ಲಿ’. ಈ ಬದಲಾವಣೆಯ ಪರಿಣಾಮ ದೊಡ್ಡದು. ಬಿಡಿ ತುಣುಕಿನ ಕಾಲದಲ್ಲಿ ಏನಾದರೂ ನಡೆದರೆ ಚಿತ್ರ. ಸಂಚಿಕೆಯ ಕಾಲದಲ್ಲಿ ಏನೂ ನಡೆಯದಿದ್ದರೂ ಗೊತ್ತಾದ ದಿನಕ್ಕೆ ಡಬ್ಬಿ ಹೊರಡಲೇಬೇಕು. ಶ್ವಾನ ಪ್ರದರ್ಶನ, ಟೋಪಿಗಳ ಹೊಸ ಫ್ಯಾಷನ್, ಮೃಗಾಲಯದ ಮರಿಗಳು ವಾರ್ತಾಚಿತ್ರದಲ್ಲಿ ತುಂಬಿಕೊಂಡದ್ದಕ್ಕೆ ಕಾರಣ ಇದೇ ಹೊರತು ಸಂಪಾದಕರ ಅಭಿರುಚಿಯಲ್ಲ.

ಒಂದು ಸಂಚಿಕೆಯ ಅಳತೆ ನೋಡೋಣ. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 16 ಫ್ರೇಮುಗಳು, ಅಂದರೆ ಬಿಡಿ ಚಿತ್ರಗಳು. ಸೆಕೆಂಡಿಗೆ 16 ಫ್ರೇಮಿನಂತೆ ಓಡಿಸಿದರೆ ಒಂದು ಅಡಿಗೆ ಸರಿಯಾಗಿ ಒಂದು ಸೆಕೆಂಡು, ನಿಮಿಷಕ್ಕೆ 60 ಅಡಿ. ಬ್ರಿಟನ್ನಿನ ಸಂಚಿಕೆಯಲ್ಲಿ ಸಾಮಾನ್ಯವಾಗಿ ಐದು ಸುದ್ದಿಗಳು, ಒಟ್ಟು 300 ಅಡಿಯ ಆಸುಪಾಸು, ಅಂದರೆ ಐದು ನಿಮಿಷ. ಪ್ರೊಜೆಕ್ಟರಿನವನು ಅವಸರ ಮಾಡಿ 20 ಫ್ರೇಮಿನ ವೇಗದಲ್ಲಿ ಓಡಿಸಿದರೆ ನಾಲ್ಕೇ ನಿಮಿಷ. ಒಂದು ಸುದ್ದಿಗೆ ಸಿಗುತ್ತಿದ್ದುದು ಟೈಟಲ್ ಕಾರ್ಡೂ ಸೇರಿ ಸುಮಾರು ಒಂದು ನಿಮಿಷ, ಅದರಲ್ಲಿ ಮೂರೋ ನಾಲ್ಕೋ ಶಾಟು. ಅಲ್ಲಿನ ಚಿತ್ರಮಂದಿರಗಳು ವಾರಕ್ಕೆ ಎರಡು ಸಲ, ಸೋಮವಾರ ಮತ್ತು ಗುರುವಾರ, ಕಾರ್ಯಕ್ರಮ ಬದಲಿಸುತ್ತಿದ್ದವು. ವಾರ್ತಾಚಿತ್ರವೂ ಆ ಲಯಕ್ಕೇ ಹೊಂದಿಕೊಂಡು ವಾರಕ್ಕೆರಡು ಸಂಚಿಕೆಯಾಯಿತು.

ಇನ್ನು ಟೈಟಲ್ ಕಾರ್ಡು. ಪ್ರತಿ ಸುದ್ದಿಗೆ ಮೊದಲು ಕಪ್ಪು ಹಿನ್ನೆಲೆಯ ಮೇಲೆ ಬಿಳಿ ಅಕ್ಷರ: ಮೇಲೆ ದೊಡ್ಡದಾಗಿ ಸುದ್ದಿಯ ಹೆಸರು, ಕೆಳಗೆ ಒಂದೆರಡು ಸಾಲಿನಲ್ಲಿ ಯಾರು, ಎಲ್ಲಿ, ಏನು. ಏಕೆ ಎಂಬುದು ಬಹಳ ಕಡಿಮೆ. ಕಾರ್ಡಿಗೆ ಫಿಲ್ಮು ಖರ್ಚಾಗುತ್ತದೆ, ಅಷ್ಟು ಅಡಿ ಚಿತ್ರಕ್ಕೆ ಕಡಿಮೆಯಾಗುತ್ತದೆ. ಆದ್ದರಿಂದ ತಂತಿ ಬರೆಯುವವನ ಮಿತವ್ಯಯ ಅಲ್ಲಿತ್ತು. ಆದರೂ ಸಂಸ್ಥೆಯ ನಿಲುವು ಕಾಣುತ್ತಿದ್ದುದು ಈ ಎರಡು ಸಾಲಿನಲ್ಲೇ. ಒಂದೇ ಗುಂಪಿನ ಅದೇ ದೃಶ್ಯಕ್ಕೆ ‘ಮುಷ್ಕರ ನಿರತ ಕಾರ್ಮಿಕರು’ ಎಂದು ಬರೆದರೆ ಒಂದು ಅರ್ಥ, ‘ದೊಂಬಿ’ ಎಂದರೆ ಇನ್ನೊಂದು. ಕಾರ್ಡು ಕತ್ತರಿಸಿಹೋದ ಪ್ರತಿಯನ್ನು ನೋಡಿ ಆ ವಾರ್ತಾಚಿತ್ರ ತಟಸ್ಥವಾಗಿತ್ತು ಎಂದು ತೀರ್ಮಾನಿಸಬೇಡಿ.

ಕಾರ್ಡುಗಳು ಕಾಣೆಯಾಗಿರುವುದಕ್ಕೂ, ಮಿಂಚಿ ಮಾಯವಾಗುವುದಕ್ಕೂ ಕಾರಣವಿದೆ. ಹೊರದೇಶಕ್ಕೆ ಕಳಿಸುವ ನೆಗೆಟಿವಿನಲ್ಲಿ ಇಡೀ ಕಾರ್ಡಿನ ಬದಲು ಒಂದೆರಡು ಫ್ರೇಮಿನ ಗುರುತು ಮಾತ್ರ ಇಡುತ್ತಿದ್ದರು. ಅದನ್ನು ನೋಡಿಕೊಂಡು ಅಲ್ಲಿಯವರು ತಮ್ಮ ಭಾಷೆಯ ಕಾರ್ಡು ಮಾಡಿ ಸೇರಿಸಿಕೊಳ್ಳಬೇಕು. ಇಂಥ ನೆಗೆಟಿವಿನಿಂದ ಈಚೆಗೆ ತೆಗೆದ ಪ್ರತಿಗಳಲ್ಲಿ ಕ್ಷಣದಲ್ಲೇ ಏನೋ ಬರಹ ಹಾದುಹೋಗುತ್ತದೆ. ಅಲ್ಲಿ ನಿಲ್ಲಿಸಿ ಫ್ರೇಮು ಹಿಡಿದರೆ ಇಡೀ ಶೀರ್ಷಿಕೆ ಓದಬಹುದು.

ಮಂದಿರದಲ್ಲಿ ಪೂರ್ತಿ ಮೌನವೇನೂ ಇರಲಿಲ್ಲ. ಪಿಯಾನೊ ಅಥವಾ ಸಣ್ಣ ವಾದ್ಯವೃಂದ ಇರುತ್ತಿತ್ತು. ಕಥಾಚಿತ್ರಕ್ಕೆ ಮೊದಲೇ ಸಂಗೀತ ಹೊಂದಿಸಿಕೊಳ್ಳುತ್ತಿದ್ದ ವಾದಕರಿಗೆ ವಾರ್ತಾಚಿತ್ರ ಮಾತ್ರ ಕೊನೆಯ ಗಳಿಗೆಯಲ್ಲಿ ಕೈಸೇರುತ್ತಿತ್ತು. ತೆರೆ ನೋಡುತ್ತಲೇ ನುಡಿಸಬೇಕು: ಪಡೆ ಬಂದರೆ ಕವಾಯತಿನ ಮಟ್ಟು, ರಾಜ ಬಂದರೆ ರಾಷ್ಟ್ರಗೀತೆ, ಶವಯಾತ್ರೆಗೆ ಚರ್ಚಿನ ಪ್ರಾರ್ಥನೆ. ಜನರೂ ಸುಮ್ಮನಿರುತ್ತಿರಲಿಲ್ಲ. ಓದುಬಾರದವರಿಗೆ ಪಕ್ಕದವರು ಕಾರ್ಡನ್ನು ಗಟ್ಟಿಯಾಗಿ ಓದುತ್ತಿದ್ದರು, ಮೆಚ್ಚಿದ ಮುಖಂಡನಿಗೆ ಚಪ್ಪಾಳೆ, ಮೆಚ್ಚದವನಿಗೆ ಕೂಗು. ನಮ್ಮ ದೇಶದ ಮೂಕಿ ಮಂದಿರಗಳಲ್ಲೂ ಕಾರ್ಡು ಓದಿ ಹೇಳುವ ಅಭ್ಯಾಸ ಇತ್ತು.

ಏನನ್ನು ತೋರಿಸುತ್ತಿದ್ದರು ಎಂಬುದಕ್ಕೆ ಉತ್ತರ ಸಂಪಾದಕರ ಮೇಜಿಗಿಂತ ಹೆಚ್ಚಾಗಿ ಕ್ಯಾಮೆರಾದಲ್ಲೇ ಇದೆ. ಮರದ ಅಥವಾ ಲೋಹದ ಪೆಟ್ಟಿಗೆ, ಭಾರದ ಮೂರುಕಾಲಿನ ಸ್ಟ್ಯಾಂಡು, ಕೈಯಿಂದ ತಿರುಗಿಸುವ ಹಿಡಿಕೆ. ಹಿಡಿಕೆಯ ಒಂದು ಸುತ್ತಿಗೆ 8 ಫ್ರೇಮು, ಸೆಕೆಂಡಿಗೆ ಎರಡು ಸುತ್ತು. ಬಲಗೈ ಹಿಡಿಕೆ ತಿರುಗಿಸುತ್ತಿರುವಾಗಲೇ ಕ್ಯಾಮೆರಾವನ್ನು ಅತ್ತಿತ್ತ ಹೊರಳಿಸಬೇಕಾದರೆ ಎಡಗೈ ಸ್ಟ್ಯಾಂಡಿನ ತಲೆಯ ಇನ್ನೊಂದು ಹಿಡಿಕೆಯನ್ನು ಬೇರೆಯೇ ವೇಗದಲ್ಲಿ ತಿರುಗಿಸಬೇಕು. ಫ್ರಾನ್ಸಿನ ಡೆಬ್ರಿ ಪಾರ್ವೊ ಕ್ಯಾಮೆರಾದ ಒಂದು ಡಬ್ಬಿಗೆ 120 ಮೀಟರು ಫಿಲ್ಮು, ಸುಮಾರು ಆರೂವರೆ ನಿಮಿಷ. ಝೂಮ್ ಇಲ್ಲ. ಹತ್ತಿರದ ನೋಟ ಬೇಕಾದರೆ ಲೆನ್ಸ್ ಬದಲಿಸಬೇಕು, ಇಲ್ಲವೇ ಸ್ಟ್ಯಾಂಡು ಹೊತ್ತು ಮುಂದಕ್ಕೆ ಹೋಗಬೇಕು. ಅಷ್ಟರಲ್ಲಿ ಮೆರವಣಿಗೆ ದಾಟಿಹೋಗಿರುತ್ತದೆ. ಪೋಲೆಂಡಿನ ಕಾಜಿಮಿಯೆಷ್ ಪ್ರುಶಿನ್ಸ್ಕಿ ಮಾಡಿದ ಏರೋಸ್ಕೋಪ್ ಕ್ಯಾಮೆರಾ, ಸೈಕಲ್ಲಿಗೆ ಗಾಳಿ ಹೊಡೆದಂತೆ ಮೊದಲೇ ಪಂಪಿನಿಂದ ತುಂಬಿಸಿದ ಒತ್ತಡದ ಗಾಳಿಯಿಂದ ಓಡುತ್ತಿತ್ತು. ಎರಡೂ ಕೈ ಬಿಡುವಾಗಿರುತ್ತಿದ್ದರಿಂದ ಯುದ್ಧಭೂಮಿಗೆ ಒಪ್ಪಿತು. ಅಮೆರಿಕದಲ್ಲಿ ಕಾರ್ಲ್ ಏಕ್ಲಿ ಕಾಡುಪ್ರಾಣಿಗಳಿಗೆಂದು ರೂಪಿಸಿದ ದುಂಡನೆಯ ಕ್ಯಾಮೆರಾ ನುಣ್ಣಗೆ ಹೊರಳುತ್ತಿದ್ದರಿಂದ ಸುದ್ದಿಯವರ ಕೈಗೂ ಬಂತು. ಸ್ಪ್ರಿಂಗ್ ಕೀಲಿಯಿಂದ ಓಡುವ, ಕೈಯಲ್ಲೇ ಹಿಡಿಯುವ ಐಮೊ ಬಂದದ್ದು 1920ರ ದಶಕದ ನಡುವಿನಲ್ಲಿ. ಅದರಲ್ಲಿ 100 ಅಡಿ ಫಿಲ್ಮು, ಎರಡು ನಿಮಿಷಕ್ಕೂ ಕಡಿಮೆ.

ಇದಕ್ಕಿಂತ ದೊಡ್ಡ ಕಟ್ಟುಪಾಡು ಬೆಳಕು. ಅಂದಿನ ಫಿಲ್ಮಿನ ಸಂವೇದನೆ ತೀರಾ ಕಡಿಮೆ. ಸ್ಟುಡಿಯೊದ ಭಾರಿ ದೀಪಗಳಿಲ್ಲದೆ ಒಳಾಂಗಣದಲ್ಲಿ ಏನೂ ಮೂಡುತ್ತಿರಲಿಲ್ಲ. ಸಂಸತ್ತಿನ ಚರ್ಚೆ, ನ್ಯಾಯಾಲಯದ ವಿಚಾರಣೆ, ಒಪ್ಪಂದದ ಮಾತುಕತೆಗಳೆಲ್ಲ ಕ್ಯಾಮೆರಾಕ್ಕೆ ಎಟುಕದವು, ಅನುಮತಿ ಸಿಗುವುದಂತೂ ಬೇರೆ ಮಾತು. ಹಾಗಾಗಿ ರಾಜಕೀಯವೆಂದರೆ ಬಾಗಿಲು. ನಾಯಕರು ಕಾರಿನಿಂದ ಇಳಿದು, ಟೋಪಿ ಎತ್ತಿ, ಬಾಗಿಲೊಳಗೆ ಹೋಗುತ್ತಾರೆ, ಮತ್ತೆ ಹೊರಗೆ ಬರುತ್ತಾರೆ. 1921ರಲ್ಲಿ ಐರ್ಲೆಂಡಿನ ಭವಿಷ್ಯ ಡೌನಿಂಗ್ ಬೀದಿಯ ಒಳಕೋಣೆಗಳಲ್ಲಿ ನಿರ್ಧಾರವಾಗುತ್ತಿದ್ದಾಗ ಪ್ರೇಕ್ಷಕರಿಗೆ ಕಂಡದ್ದು ಆ ಬೀದಿಯಲ್ಲಿ ನೆರೆದ ಜನ ಮತ್ತು ಬಂದುಹೋಗುವ ಪ್ರತಿನಿಧಿಗಳು. ಮಾತುಕತೆ ಮುರಿದುಬೀಳುವ ಹಂತದಲ್ಲಿದ್ದರೂ, ಒಪ್ಪಂದವಾಗಿದ್ದರೂ ತೆರೆಯ ಮೇಲೆ ಅದೇ ಟೋಪಿ, ಅದೇ ಬಾಗಿಲು. ವ್ಯತ್ಯಾಸ ಗೊತ್ತಾಗುತ್ತಿದ್ದುದು ಕಾರ್ಡಿನಿಂದ ಮಾತ್ರ.

ಹಗಲು, ಹೊರಾಂಗಣ, ಮೊದಲೇ ಗೊತ್ತಾದ ಜಾಗ, ಮೊದಲೇ ಗೊತ್ತಾದ ಹೊತ್ತು ಈ ನಾಲ್ಕೂ ಸೇರಿದ ಕಡೆ ಮಾತ್ರ ಕ್ಯಾಮೆರಾ ಸಿದ್ಧವಾಗಿ ನಿಂತಿರಲು ಸಾಧ್ಯ. ಪಟ್ಟಾಭಿಷೇಕ, ಹಡಗು ನೀರಿಗಿಳಿಸುವುದು, ಪ್ರತಿಮೆ ಅನಾವರಣ, ಫುಟ್‌ಬಾಲ್ ಫೈನಲ್, ಕುದುರೆ ಓಟ. ಬಹುಪಾಲು ಸುದ್ದಿಯನ್ನು ಆರಿಸುತ್ತಿದ್ದುದು ಪಂಚಾಂಗ. ಆಕಸ್ಮಿಕಗಳಲ್ಲಿ ಸಿಗುತ್ತಿದ್ದುದು ಪರಿಣಾಮ ಮಾತ್ರ: ಹಳಿ ತಪ್ಪಿದ ರೈಲಿನ ಅವಶೇಷ, ಬೆಂಕಿ ಆರಿದ ಮೇಲಿನ ಗೋಡೆಗಳು. ಕಟ್ಟಡ ಕುಸಿಯುವ ಕ್ಷಣವನ್ನೇ ಹಿಡಿದ ಮೂಕಿ ಕಾಲದ ತುಣುಕು ಯಾರಾದರೂ ತೋರಿಸಿದರೆ ಮೊದಲು ಕೇಳಬೇಕಾದ ಪ್ರಶ್ನೆ, ಕ್ಯಾಮೆರಾ ಅಲ್ಲಿ ಮೊದಲೇ ಏಕೆ ನಿಂತಿತ್ತು ಎಂಬುದು.

ಇದಕ್ಕೆ ಒಪ್ಪುವ ಉತ್ತರವಿರುವ ಪ್ರಸಿದ್ಧ ಉದಾಹರಣೆ 1913ರ ಜೂನ್ 4ರ ಡರ್ಬಿ. ಎಪ್ಸಮ್ ಮೈದಾನದ ಟ್ಯಾಟನಮ್ ತಿರುವಿನಲ್ಲಿ ಕುದುರೆಗಳು ಹತ್ತಿರದಿಂದ, ಎದುರಿನಿಂದ ಕಾಣುತ್ತವೆ. ಹಾಗಾಗಿ ಅಲ್ಲಿ ಬೇರೆ ಬೇರೆ ಸಂಸ್ಥೆಗಳ ಕ್ಯಾಮೆರಾಗಳಿದ್ದವು. ಮಹಿಳೆಯರ ಮತದಾನದ ಹಕ್ಕಿಗಾಗಿ ಹೋರಾಡುತ್ತಿದ್ದ ಎಮಿಲಿ ಡೇವಿಸನ್ ಅಲ್ಲೇ ಬೇಲಿ ದಾಟಿ ಓಟದ ದಾರಿಗೆ ಬಂದರು, ರಾಜನ ಕುದುರೆ ಆ್ಯನ್ಮರ್ ಅವರಿಗೆ ಅಪ್ಪಳಿಸಿತು. ನಾಲ್ಕು ದಿನದ ಮೇಲೆ, ಜೂನ್ 8ರಂದು ಅವರು ತೀರಿಕೊಂಡರು. ಆ್ಯನ್ಮರ್ ಇದ್ದದ್ದು ಹಿಂದಿನ ಸಾಲಿನಲ್ಲಿ. ಮುಂದಿನ ಕುದುರೆಗಳು ಹಾದುಹೋದ ಮೇಲೂ ಹಿಡಿಕೆ ತಿರುಗುತ್ತಿದ್ದುದರಿಂದ ಘಟನೆ ಫಿಲ್ಮಿನಲ್ಲಿ ಉಳಿಯಿತು. ಅಂದು ಸಂಜೆಯೇ ಅದು ಲಂಡನ್ನಿನಲ್ಲಿ ತೆರೆಯ ಮೇಲಿತ್ತು.

ಅವರ ಉದ್ದೇಶವೇನಿತ್ತು, ಲಗಾಮು ಹಿಡಿಯುವುದೋ, ಹೋರಾಟದ ವಸ್ತ್ರವನ್ನು ಕುದುರೆಗೆ ಸಿಕ್ಕಿಸುವುದೋ, ಸಾಯುವುದೋ ಎಂದು ಇವತ್ತಿಗೂ ಈ ತುಣುಕನ್ನಿಟ್ಟುಕೊಂಡು ವಾದಿಸುತ್ತಾರೆ. ನೂರು ವರ್ಷದ ಮೇಲೆ, 2013ರಲ್ಲಿ, ಮೂರು ಕ್ಯಾಮೆರಾಗಳ ಕೋನಗಳನ್ನು ಹೊಂದಿಸಿಯೂ ನೋಡಿದರು. ಗಣಿತ ಮಾತ್ರ ಸರಳ. ಓಟದ ಕುದುರೆ ಸೆಕೆಂಡಿಗೆ ಸುಮಾರು 15 ಮೀಟರು ಸಾಗುತ್ತದೆ. ಸೆಕೆಂಡಿಗೆ 16 ಫ್ರೇಮಾದರೆ ಒಂದು ಫ್ರೇಮಿನಿಂದ ಇನ್ನೊಂದಕ್ಕೆ ಕುದುರೆ ಹತ್ತಿರ ಹತ್ತಿರ ಒಂದು ಮೀಟರು ಮುಂದೆ ಹೋಗಿರುತ್ತದೆ. ಶಟರು ತೆರೆದಿರುವ ಅರ್ಧ ಹೊತ್ತಿನಲ್ಲೇ ಅರ್ಧ ಮೀಟರಿನಷ್ಟು ಮಸುಕು. ಅದರಲ್ಲಿ ಒಂದು ಕೈಯ ಚಲನೆಯನ್ನು ಖಚಿತವಾಗಿ ಓದುತ್ತೇನೆನ್ನುವವರ ಮಾತನ್ನು ಅರ್ಧ ಮಾತ್ರ ನಂಬಿ.

ಹಾಗಾದರೆ ಎಲ್ಲ ಸುದ್ದಿಯೂ ಅದೇ ಸಂಜೆ ಬರುತ್ತಿತ್ತೇ? ಇಲ್ಲ. ಡರ್ಬಿಯಂಥದ್ದಕ್ಕೆ ಮಾತ್ರ ಆ ಓಡಾಟ. ಮೈದಾನದಿಂದ ಡಬ್ಬಿ ಮೋಟಾರು ವಾಹನದಲ್ಲೋ ರೈಲಿನಲ್ಲೋ ಪ್ರಯೋಗಾಲಯಕ್ಕೆ, ಕತ್ತಲೆ ಕೋಣೆಯಲ್ಲಿ ನೆಗೆಟಿವನ್ನು ಮರದ ಚೌಕಟ್ಟಿಗೆ ಸುತ್ತಿ ಡೆವಲಪರಿನ ತೊಟ್ಟಿಗೆ, ತೊಳೆದು, ಚಿತ್ರವನ್ನು ಸ್ಥಿರಗೊಳಿಸುವ ಹೈಪೊ ದ್ರಾವಣದ ತೊಟ್ಟಿಗೆ, ಮತ್ತೆ ತೊಳೆದು ದೊಡ್ಡ ಉರುಳೆಗೆ ಸುತ್ತಿ ತಿರುಗಿಸುತ್ತ ಒಣಗಿಸಬೇಕು. ಆಮೇಲೆ ಪ್ರಿಂಟು ತೆಗೆದು, ಆ ಪ್ರಿಂಟಿಗೂ ಇದೇ ಎಲ್ಲವೂ ಇನ್ನೊಮ್ಮೆ. ಹೆಚ್ಚು ಹೊತ್ತು ಹಿಡಿಯುತ್ತಿದ್ದುದು ಒಣಗುವ ಹಂತ. ಅವಸರಕ್ಕೆ ಸ್ಪಿರಿಟ್ಟಿನಲ್ಲಿ ಅದ್ದಿ ಬೇಗ ಒಣಗಿಸುತ್ತಿದ್ದರು. ಹೈಪೊ ಸರಿಯಾಗಿ ತೊಳೆಯದೆ ಬಿಟ್ಟರೆ ಅಂದಿಗೆ ಚಿತ್ರ ಚೆನ್ನಾಗಿಯೇ ಕಾಣುತ್ತದೆ, ವರ್ಷಗಳ ಮೇಲೆ ಮಾಸುತ್ತದೆ. ವಾರ್ತಾಚಿತ್ರಗಳ ಎಷ್ಟೋ ಪ್ರತಿಗಳು ಕೆಟ್ಟದ್ದಕ್ಕೆ ಈ ಅವಸರವೂ ಒಂದು ಕಾರಣ.

ಇನ್ನು ಬಾಡಿಗೆಯ ಲೆಕ್ಕ. ಬಿಡುಗಡೆಯ ದಿನವೇ ಬೇಕೆಂದರೆ ಹೆಚ್ಚು ದರ. ಪ್ರತಿ ಹಳೆಯದಾದಂತೆ ದರ ಇಳಿಯುತ್ತಿತ್ತು. ನಗರದ ದೊಡ್ಡ ಮಂದಿರದವರು ಹೊಸ ಪ್ರತಿ ತೋರಿಸಿದರೆ, ಸಣ್ಣ ಊರಿನವರು ಅದೇ ಪ್ರತಿಯನ್ನು ವಾರಗಳ ಮೇಲೆ, ಗೀರು ಬಿದ್ದು ಮಳೆ ಸುರಿದಂತೆ ಕಾಣುವಾಗ, ಅಗ್ಗಕ್ಕೆ ತರಿಸುತ್ತಿದ್ದರು. ಒಂದೇ ಸಂಚಿಕೆ ಒಂದೇ ದಿನ ದೇಶದಾದ್ಯಂತ ನೋಡಿದರು ಎಂದು ಭಾವಿಸಬಾರದು. ಹೊರದೇಶದ ಸುದ್ದಿಗೆ ಹಡಗಿನ ವೇಗವೇ ಮಿತಿ. ಬ್ರಿಟಿಷ್ ಸೇನಾನಿ ಜನರಲ್ ಆ್ಯಲನ್‌ಬಿ 1917ರ ಡಿಸೆಂಬರ್ 11ರಂದು ಜೆರುಸಲೇಮನ್ನು ಕಾಲ್ನಡಿಗೆಯಲ್ಲಿ ಪ್ರವೇಶಿಸಿದ ದೃಶ್ಯ ಬ್ರಿಟನ್ನಿನ ಮಂದಿರಗಳಿಗೆ ಬಂದದ್ದು 1918ರ ಫೆಬ್ರವರಿಯಲ್ಲಿ. ಆ ಹೊತ್ತಿಗೆ ಬ್ರಿಟಿಷ್ ಸರ್ಕಾರದ ಯುದ್ಧ ಕಚೇರಿ ‘ಟಾಪಿಕಲ್ ಬಜೆಟ್’ ಅನ್ನು ತನ್ನ ವಶಕ್ಕೆ ತೆಗೆದುಕೊಂಡಿತ್ತು. ಅಂದರೆ ಅದು ಸರ್ಕಾರದ ಅಧಿಕೃತ ವಾರ್ತಾಚಿತ್ರ. ಆ ಕಾಲದ ಸಂಚಿಕೆಗಳನ್ನು ಆ ಎಚ್ಚರದಲ್ಲೇ ನೋಡಬೇಕು.

ನಮ್ಮ ದೇಶದ ಮಾತು. ಮುಂಬಯಿಯ ಎಚ್. ಎಸ್. ಭಾಟವಡೇಕರ್, ‘ಸಾವೆ ದಾದಾ’ ಎಂದೇ ಹೆಸರಾದವರು, ಕೇಂಬ್ರಿಜ್‌ನಲ್ಲಿ ಗಣಿತದಲ್ಲಿ ಮೊದಲ ಸ್ಥಾನ ಪಡೆದ ಆರ್. ಪಿ. ಪರಾಂಜಪೆ 1901ರ ಡಿಸೆಂಬರ್‌ನಲ್ಲಿ ಊರಿಗೆ ಮರಳಿದಾಗಿನ ಸ್ವಾಗತವನ್ನು ಚಿತ್ರಿಸಿದರು. ಭಾರತದ ಮೊದಲ ಸುದ್ದಿಚಿತ್ರವೆಂದು ಸಾಮಾನ್ಯವಾಗಿ ಇದನ್ನೇ ಹೇಳುತ್ತಾರೆ. ಕಲಕತ್ತೆಯಲ್ಲಿ ಹೀರಾಲಾಲ್ ಸೇನ್ 1905ರಲ್ಲಿ ವಂಗಭಂಗ ವಿರೋಧಿ ಸಭೆಯನ್ನು ಚಿತ್ರಿಸಿದ್ದರು. 1917ರ ಬೆಂಕಿಯಲ್ಲಿ ಅವರ ಕೆಲಸವೆಲ್ಲ ಹೋಯಿತು.

1911ರ ಡಿಸೆಂಬರ್ 12ರ ದೆಹಲಿ ದರ್ಬಾರಿಗೆ ಬ್ರಿಟನ್ನಿನ ಹಲವು ಸಂಸ್ಥೆಗಳು ಕ್ಯಾಮೆರಾ ಕಳಿಸಿದವು. ಲಂಡನ್ನಿನ ನಿರ್ಮಾಪಕ ಚಾರ್ಲ್ಸ್ ಅರ್ಬನ್ ಅವರ ತಂಡ ಕಿನೆಮಕಲರ್ ವಿಧಾನದಲ್ಲಿ, ಕೆಂಪು ಮತ್ತು ಹಸಿರು ಗಾಜಿನ ಮೂಲಕ ಎರಡು ಪಟ್ಟು ವೇಗದಲ್ಲಿ ಚಿತ್ರಿಸಿ, 1912ರ ಫೆಬ್ರವರಿಯಲ್ಲಿ ಲಂಡನ್ನಿನ ಸ್ಕಾಲಾ ರಂಗಮಂದಿರದಲ್ಲಿ ಬಣ್ಣದ ಪ್ರದರ್ಶನ ಕೊಟ್ಟಿತು. ಅದರ ಬಹುಭಾಗ ಈಗ ಉಳಿದಿಲ್ಲ. ಆದರೆ ಆ ದರ್ಬಾರಿನಲ್ಲಿ ಚರ್ಚೆಗೆ ಬಂದದ್ದು ಬರೋಡೆಯ ಸಯಾಜಿರಾವ್ ಗಾಯಕವಾಡರ ನಡೆ. ದೊರೆಗೆ ವಂದಿಸಿ ಹಿಮ್ಮುಖವಾಗಿ ಸರಿಯಬೇಕಾದಲ್ಲಿ ಅವರು ಬೆನ್ನು ತಿರುಗಿಸಿ ನಡೆದರೆಂದು ಲಂಡನ್ನಿನ ಪತ್ರಿಕೆಗಳು ಕೆರಳಿದವು. ಚಿತ್ರ ಹಡಗಿನಲ್ಲಿ ಬಂದಿಳಿದಾಗ ಜನ ಆ ಕೆಲವು ಸೆಕೆಂಡುಗಳನ್ನು ನೋಡಲೆಂದೇ ಮಂದಿರಕ್ಕೆ ಹೋದರು. ಪತ್ರಿಕೆ ಹೇಳಿದ್ದನ್ನು ತೆರೆಯ ಮೇಲೆ ಪರೀಕ್ಷಿಸುವುದು ಎಂಬ ಸಂಗತಿಗೆ ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ನನಗೆ ಗೊತ್ತಿಲ್ಲ. ಕಾಲ ಕಳೆದಂತೆ ಇಲ್ಲಿಯ ಸರ್ಕಾರವೂ ಚಿತ್ರದ ಬಲವನ್ನು ಅರಿತುಕೊಂಡಿತು. 1918ರ ಸಿನಿಮಾಟೋಗ್ರಾಫ್ ಕಾಯ್ದೆಯ ಬೆನ್ನಿಗೆ ಸೆನ್ಸಾರ್ ಮಂಡಲಿಗಳು ಬಂದವು. 1930ರ ಉಪ್ಪಿನ ಸತ್ಯಾಗ್ರಹವನ್ನು ಭಾರತೀಯ ಸಂಸ್ಥೆಗಳು ಚಿತ್ರಿಸಿದಾಗ ನಿಷೇಧ ಬಿತ್ತು.

ಈಗ ಓಡಿದಂತೆ ನಡೆಯುವ ಪ್ರಶ್ನೆ. ಅವರು ಹಾಗೆ ನಡೆಯಲಿಲ್ಲ, ಕ್ಯಾಮೆರಾವೂ ತಪ್ಪು ಮಾಡಲಿಲ್ಲ. 16 ಅಥವಾ 18 ಫ್ರೇಮಿನಲ್ಲಿ ಚಿತ್ರಿಸಿದ್ದನ್ನು ಟಾಕಿಯ ವೇಗವಾದ 24ರಲ್ಲಿ ಓಡಿಸುತ್ತಿದ್ದೇವೆ. 16ರಲ್ಲಿ ಚಿತ್ರಿಸಿದ ಒಂದು ನಿಮಿಷ 24ರಲ್ಲಿ 40 ಸೆಕೆಂಡಿಗೆ ಮುಗಿಯುತ್ತದೆ. ಯೂಟ್ಯೂಬಿನಲ್ಲಿ ವೇಗವನ್ನು 0.75ಕ್ಕೆ ಇಳಿಸಿದರೆ 24ರ ಪ್ರತಿ 18 ಫ್ರೇಮಿನ ವೇಗಕ್ಕೆ ಬರುತ್ತದೆ. ಹೆಚ್ಚಿನ ತುಣುಕುಗಳಿಗೆ ಇಷ್ಟು ಸಾಕು. ಆದರೆ ಅಪ್‌ಲೋಡ್ ಮಾಡಿದವರು ಮೊದಲೇ ಸರಿಪಡಿಸಿದ್ದರೆ ಮತ್ತೆ ಇಳಿಸಿದಾಗ ಜನ ನೀರೊಳಗೆ ನಡೆದಂತಾಗುತ್ತಾರೆ. ಪರೀಕ್ಷಿಸಲು ವಿಡಿಯೊ ನಿಲ್ಲಿಸಿ, ಕಂಪ್ಯೂಟರಿನ ಪೂರ್ಣವಿರಾಮದ ಕೀಲಿ ಒತ್ತುತ್ತ ಒಂದೊಂದೇ ಫ್ರೇಮು ಮುಂದೆ ಹೋಗಿ. ಎರಡು ಮೂರು ಫ್ರೇಮಿಗೊಮ್ಮೆ ಅದೇ ಚಿತ್ರ ಮರುಕಳಿಸಿದರೆ ಸರಿಪಡಿಸಿದ ಪ್ರತಿ ಎಂದರ್ಥ.

ಸರಿಯಾದ ವೇಗ ಅಂದಾಜಿಸಲು ಸೈನಿಕರ ನಡಿಗೆ ಒಳ್ಳೆಯ ಅಳತೆಗೋಲು. ಬ್ರಿಟಿಷ್ ಪದಾತಿ ಪಡೆಯ ಸಾಮಾನ್ಯ ಕವಾಯತು ನಿಮಿಷಕ್ಕೆ ಸುಮಾರು 120 ಹೆಜ್ಜೆ. ಹತ್ತು ಸೆಕೆಂಡಿನಲ್ಲಿ 20 ಹೆಜ್ಜೆ ಬರಬೇಕಾದಲ್ಲಿ 30 ಬಂದರೆ ಒಂದೂವರೆ ಪಟ್ಟು ವೇಗ, ಅಂದರೆ 16ರಲ್ಲಿ ಚಿತ್ರಿಸಿ 24ರಲ್ಲಿ ಓಡಿಸಿದ್ದು. ರೈಫಲ್ ಮತ್ತು ಲೈಟ್ ಇನ್‌ಫೆಂಟ್ರಿ ದಳಗಳು 140 ಹೆಜ್ಜೆ ಹಾಕುತ್ತಿದ್ದವು, ಶವಯಾತ್ರೆಯಲ್ಲಿ ನಿಧಾನ ನಡಿಗೆ. ಇವೆರಡು ಲೆಕ್ಕ ತಪ್ಪಿಸುತ್ತವೆ.

ನಕಲಿಯಲ್ಲಿ ಮೂರು ಬಗೆ, ಮೂರಕ್ಕೂ ಒಂದೇ ಬೈಗುಳ ಸಲ್ಲದು. ಮೊದಲನೆಯದು ಪುನರಭಿನಯ. ಏಳನೇ ಎಡ್ವರ್ಡನ ಪಟ್ಟಾಭಿಷೇಕವನ್ನು ಚರ್ಚಿನೊಳಗೆ ಚಿತ್ರಿಸಲು ಸಾಧ್ಯವಿರಲಿಲ್ಲ. ಚಾರ್ಲ್ಸ್ ಅರ್ಬನ್ ಅವರಿಗಾಗಿ ಜಾರ್ಜ್ ಮೆಲಿಯೆಸ್ ಫ್ರಾನ್ಸಿನ ಮೊಂತ್ರೆಯ್‌ನಲ್ಲಿ ನಟರನ್ನಿಟ್ಟು ಮೊದಲೇ ಚಿತ್ರಿಸಿದ್ದರು. ರಾಜನ ಕಾಯಿಲೆಯಿಂದ ಜೂನ್ 26ರ ಸಮಾರಂಭ 1902ರ ಆಗಸ್ಟ್ 9ಕ್ಕೆ ಹೋಯಿತು, ಅದೇ ದಿನ ಚಿತ್ರ ಲಂಡನ್ನಿನಲ್ಲಿ ಓಡಿತು. ಅದು ಅಭಿನಯವೆಂದು ಮರೆಮಾಚಿರಲಿಲ್ಲ. ಪತ್ರಿಕೆಯ ರೇಖಾಚಿತ್ರ ನೋಡುವಂತೆ ಜನ ನೋಡಿದರು, ಅದನ್ನು ವಂಚನೆ ಎನ್ನಲಾರೆ. ಎರಡನೆಯದು ಸುಳ್ಳೆಂದೇ ಕರೆಯಬೇಕಾದದ್ದು. 1898ರ ಸ್ಪೇನ್‌-ಅಮೆರಿಕ ಯುದ್ಧದ ಸಾಂಟಿಯಾಗೊ ಕೊಲ್ಲಿಯ ಕಾಳಗವನ್ನು ಅಮೆರಿಕದ ವೈಟಾಗ್ರಾಫ್ ಚಿತ್ರಸಂಸ್ಥೆಯ ಬ್ಲ್ಯಾಕ್ಟನ್ ಮತ್ತು ಸ್ಮಿತ್ ಹಡಗುಗಳ ಫೋಟೊ ಕತ್ತರಿಸಿ, ಚೂರು ನೀರಿನಲ್ಲಿ ತೇಲಿಸಿ, ಚಿಟಿಕೆ ಮದ್ದು ಸಿಡಿಸಿ, ಸಿಗಾರಿನ ಹೊಗೆ ಊದಿ ತಯಾರಿಸಿದ್ದರು.

ಮೂರನೆಯದು ಹೆಚ್ಚು ನಯವಾದದ್ದು, ವಾರ್ತಾಚಿತ್ರದ ಕಾಲಕ್ಕೆ ವಿಶಿಷ್ಟವಾದದ್ದು: ಅಸಲಿ ಚಿತ್ರ, ತಪ್ಪು ಹೆಸರು. 1912ರ ಏಪ್ರಿಲ್‌ನಲ್ಲಿ ಟೈಟಾನಿಕ್ ಮುಳುಗಿದಾಗ ಅದು ಸಮುದ್ರದಲ್ಲಿ ಸಾಗುವ ಚಲಿಸುವ ಚಿತ್ರ ಯಾರ ಬಳಿಯೂ ಇರಲಿಲ್ಲ. ಅದರ ಜೋಡಿ ಹಡಗು ಒಲಿಂಪಿಕ್ 1911ರಲ್ಲಿ ನ್ಯೂಯಾರ್ಕಿಗೆ ಬಂದಾಗಿನ ದೃಶ್ಯ, ಅದರ ಮೇಲೆ ಓಡಾಡುತ್ತಿದ್ದ ಕ್ಯಾಪ್ಟನ್ ಸ್ಮಿತ್ ಸಹಿತ, ಇತ್ತು. ಅದನ್ನೇ ಸೇರಿಸಿದರು. ಹಿನ್ನೆಲೆಯಲ್ಲಿ ಕಾಣುತ್ತಿದ್ದ ದೋಣಿಗಳ ಹೆಸರು ಗುಟ್ಟು ಬಿಟ್ಟುಕೊಡುವಂತಿತ್ತು. ಆದ್ದರಿಂದ ನೆಗೆಟಿವಿನಲ್ಲೇ ಫ್ರೇಮು ಫ್ರೇಮಾಗಿ ಆ ಅಕ್ಷರಗಳನ್ನು ಕೆರೆದರು. ಈಗಲೂ ಆ ಜಾಗದಲ್ಲಿ ಬಿಳಿಯ ಗೀರುಗಳು ಕುಣಿಯುವುದು ಕಾಣುತ್ತದೆ. ಅದೇ ಸಂಚಿಕೆಯಲ್ಲಿ ಬದುಕುಳಿದವರನ್ನು ಕರೆತಂದ ಕಾರ್ಪೇಥಿಯಾ ಹಡಗಿನ ಅಸಲಿ ದೃಶ್ಯಗಳೂ ಇವೆ. ಹಾಗಾಗಿ ಇಡೀ ರೀಲನ್ನು ಒಪ್ಪುವುದೂ ತಳ್ಳುವುದೂ ಎರಡೂ ತಪ್ಪು. ಒಂದೊಂದು ಶಾಟನ್ನೂ ಬೇರೆಯಾಗಿ ಪರೀಕ್ಷಿಸಬೇಕು.

ಪರೀಕ್ಷೆಗೆ ಕೆಲವು ಗುರುತುಗಳು. ಯುದ್ಧದ ತುಣುಕಾದರೆ ಕ್ಯಾಮೆರಾ ಎಲ್ಲಿ ನಿಂತಿದೆ ನೋಡಿ. ದಾಳಿ ಮಾಡುವವರ ಮುಂದೆ, ಶತ್ರುವಿನ ಕಡೆ ನಿಂತಿದ್ದರೆ ಅದು ಕವಾಯತು ಮೈದಾನ. 1916ರ ಸೋಮ್ ಯುದ್ಧದ ಪ್ರಸಿದ್ಧ ಚಿತ್ರದಲ್ಲಿ ಬಹುಪಾಲು ಅಸಲಿ, ಆದರೆ ಸೈನಿಕರು ಕಂದಕದಿಂದ ಮೇಲೇರಿ ನುಗ್ಗುವ ಶಾಟನ್ನು ಯುದ್ಧರಂಗದ ಹಿಂದಿನ ತರಬೇತಿ ಜಾಗದಲ್ಲಿ ಅಭಿನಯಿಸಿದ್ದೆಂದು ತಜ್ಞರು ಒಪ್ಪುತ್ತಾರೆ. ಆ ಸೈನಿಕರ ಬೆನ್ನಿಗೆ ಭಾರದ ಚೀಲವೇ ಇಲ್ಲ. ಅಸಲಿ ಗುಂಪಿನಲ್ಲಿ ಯಾರಾದರೂ ಕ್ಯಾಮೆರಾವನ್ನೇ ದಿಟ್ಟಿಸುತ್ತಾರೆ, ಹುಡುಗರು ಅಡ್ಡ ಬರುತ್ತಾರೆ. ಯಾರೂ ನೋಡದಿದ್ದರೆ ಅವರಿಗೆ ನೋಡಬೇಡಿರೆಂದು ಹೇಳಿದವರೊಬ್ಬರು ಇದ್ದರು.

ಬಣ್ಣವನ್ನು ಊಹಿಸುವಾಗ ಎಚ್ಚರ. 1920ರ ದಶಕದ ಕೊನೆಯವರೆಗೂ ಸುದ್ದಿಗೆ ಹೆಚ್ಚಾಗಿ ಬಳಸುತ್ತಿದ್ದ ಆರ್ಥೊಕ್ರೊಮ್ಯಾಟಿಕ್ ಫಿಲ್ಮಿಗೆ ಕೆಂಪು ಕಾಣುವುದಿಲ್ಲ, ನೀಲಿ ಅತಿಯಾಗಿ ಕಾಣುತ್ತದೆ. ಕೆಂಪು ಸಮವಸ್ತ್ರ ಕಪ್ಪಾಗಿ, ನೀಲಿ ಆಕಾಶ ಬರಿ ಬಿಳಿಯಾಗಿ ಮೂಡುತ್ತದೆ. ಫ್ರಾನ್ಸಿನ ಧ್ವಜದ ನೀಲಿಪಟ್ಟಿ ಬಿಳಿಯೊಡನೆ ಬೆರೆತು ಬೇರೆ ಯಾವುದೋ ಧ್ವಜದಂತೆ ಕಂಡೀತು. ಗಾಢ ಆಕಾಶದಲ್ಲಿ ಬಿಳಿ ಮೋಡ ಸ್ಪಷ್ಟವಾಗಿದ್ದರೆ ತುಣುಕು ಈಚಿನದಿರಬಹುದೆಂದು ಅನುಮಾನಿಸಿ. 1923ರಲ್ಲಿ ವೆಂಬ್ಲಿಯ ಮೊದಲ ಫೈನಲ್ಲಿನಂದು ಮೈದಾನಕ್ಕೆ ನುಗ್ಗಿದ ಜನರನ್ನು ಸರಿಸಿದ ಪೊಲೀಸ್ ಕುದುರೆ ಬಿಲ್ಲಿ ಬೂದುಬಣ್ಣದ್ದು. ವಾರ್ತಾಚಿತ್ರದಲ್ಲಿ ಅಚ್ಚ ಬಿಳಿಯಾಗಿ ಕಂಡು ‘ಬಿಳಿ ಕುದುರೆ ಫೈನಲ್’ ಎಂಬ ಹೆಸರೇ ನಿಂತಿತು.

ಚೌಕಟ್ಟಿನ ಎಡ ಅಂಚು ನೋಡಿ. ಮೂಕಿಯಲ್ಲಿ ಚಿತ್ರ ಎರಡೂ ಕಡೆಯ ರಂಧ್ರಗಳ ನಡುವಿನ ಪೂರ್ತಿ ಅಗಲವನ್ನು ತುಂಬುತ್ತಿತ್ತು. ಟಾಕಿಯಲ್ಲಿ ಧ್ವನಿಪಟ್ಟಿಗೆ ಎಡಗಡೆ ಜಾಗ ಬಿಡಬೇಕು. ಟೈಟಲ್ ಕಾರ್ಡು ಎಡಕ್ಕೆ ಕತ್ತರಿಸಿದಂತಿದ್ದರೆ ಅದು ಟಾಕಿಯ ಕಾಲದಲ್ಲಿ ಮರುನಕಲು ಮಾಡಿದ ಪ್ರತಿ. ಜೊತೆಯ ಕುದುರೆ ಖುರದ ಸದ್ದು, ಜನರ ಗದ್ದಲ ಎಲ್ಲವೂ ಆಮೇಲೆ ಹಚ್ಚಿದ್ದು. ಈಚೆಗೆ ಕೃತಕ ಬುದ್ಧಿಮತ್ತೆಯಿಂದ ಬಣ್ಣ ಹಚ್ಚಿ, ಸೆಕೆಂಡಿಗೆ 60 ಫ್ರೇಮಿಗೆ ಏರಿಸಿದ ತುಣುಕುಗಳು ಹರಡುತ್ತಿವೆ. ಅವುಗಳಲ್ಲಿ ಮುಕ್ಕಾಲು ಪಾಲು ಫ್ರೇಮುಗಳು ಯಂತ್ರ ಊಹಿಸಿದವು, ಬಣ್ಣವೂ ಊಹೆ. ನೋಡಿ ಸಂತೋಷಪಡಿ, ಸಾಕ್ಷ್ಯವಾಗಿ ಬಳಸಬೇಡಿ.

ಇದೆಲ್ಲ ಹೇಳಿದ ಮೇಲೆ ರಷ್ಯದ ಮಾತು ಬಿಡಲಾಗದು, ಏಕೆಂದರೆ ಅಲ್ಲಿ ಬೇರೆಯೇ ದಾರಿ ಹಿಡಿದರು. 1922ರಿಂದ 1925ರವರೆಗೆ ಜಿಗಾ ವೆರ್ತೋವ್ ಹೊರತಂದ ‘ಕಿನೊ-ಪ್ರಾವ್ದಾ’ದ 23 ಸಂಚಿಕೆಗಳಲ್ಲಿ ಸುದ್ದಿಗಳು ಬಿಡಿಬಿಡಿಯಾಗಿ ಸಾಲುಗಟ್ಟುವುದಿಲ್ಲ. ಶಾಟುಗಳನ್ನು ಒಂದಕ್ಕೊಂದು ಎದುರಿಟ್ಟು ವಾದ ಮಂಡಿಸುತ್ತವೆ, ಟೈಟಲ್ ಕಾರ್ಡುಗಳೂ ಅಲೆಕ್ಸಾಂಡರ್ ರೋಡ್ಚೆಂಕೊ ಅವರ ವಿನ್ಯಾಸದಲ್ಲಿ ಚಿತ್ರದ ಭಾಗವೇ ಆಗುತ್ತವೆ. ಲಂಡನ್ನಿನ ಸಂಚಿಕೆ ನೋಡಿ ಬೇಸರವಾದವರು ಇದನ್ನು ನೋಡಬೇಕು.

1927ರ ಮೇ 20ರಂದು ಲಿಂಡ್‌ಬರ್ಗ್ ಅಟ್ಲಾಂಟಿಕ್ ದಾಟಲು ಹೊರಟ ವಿಮಾನದ ಸದ್ದನ್ನು ಫಾಕ್ಸ್ ಮೂವಿಟೋನ್ ಎಂಬ ಧ್ವನಿಸಹಿತ ವಾರ್ತಾಚಿತ್ರ ಅಂದು ರಾತ್ರಿಯೇ ನ್ಯೂಯಾರ್ಕಿನ ರಾಕ್ಸಿ ಮಂದಿರದಲ್ಲಿ ಕೇಳಿಸಿತು. ಅಲ್ಲಿಂದ ಮೂಕಿ ವಾರ್ತಾಚಿತ್ರಕ್ಕೆ ಉಳಿದದ್ದು ನಾಲ್ಕೈದು ವರ್ಷ. ‘ಟಾಪಿಕಲ್ ಬಜೆಟ್’ 1931ರಲ್ಲಿ ನಿಂತಿತು.

ನೋಡಲು ಎಲ್ಲಿ ಸಿಗುತ್ತವೆ? ಬ್ರಿಟಿಷ್ ಪಾಥೆ 2014ರಲ್ಲಿ ಸುಮಾರು 85,000 ತುಣುಕುಗಳನ್ನು ಯೂಟ್ಯೂಬಿಗೆ ಹಾಕಿತು. ‘ಟಾಪಿಕಲ್ ಬಜೆಟ್’ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿದೆ. ಅಮೆರಿಕದ ಫಾಕ್ಸ್ ನ್ಯೂಸ್ ಎಂಬ ಅಂದಿನ ಮೂಕಿ ವಾರ್ತಾಚಿತ್ರದ ದೊಡ್ಡ ಸಂಗ್ರಹ, ಬಳಸದೆ ಬಿಟ್ಟ ಶಾಟುಗಳ ಸಮೇತ, ಸೌತ್ ಕೆರೊಲಿನಾ ವಿಶ್ವವಿದ್ಯಾಲಯದಲ್ಲಿದೆ. ಹುಡುಕುವಾಗ ಇಂದಿನ ಹೆಸರು ಹಾಕಬೇಡಿ, ಅಂದಿನ ಇಂಗ್ಲಿಷ್ ಕಾಗುಣಿತ ಹಾಕಿ. ಮೈಸೂರು, ಬೆಂಗಳೂರುಗಳನ್ನೂ ಹಳೆಯ ಕಾಗುಣಿತದಲ್ಲೇ ಹುಡುಕಬೇಕು. ವೇಲ್ಸ್ ರಾಜಕುಮಾರ 1922ರ ಜನವರಿಯಲ್ಲಿ ಎರಡೂ ಊರಿಗೆ ಬಂದಿದ್ದರು, ಅಲ್ಲಿಂದ ಶುರುಮಾಡಬಹುದು. ಪಟ್ಟಿಯಲ್ಲಿರುವ ದಿನಾಂಕ ಹಲವು ಸಲ ಬಿಡುಗಡೆಯದು, ಘಟನೆಯದಲ್ಲ. ಭಾರತದ ಸುದ್ದಿಯಾದರೆ ಎರಡರಿಂದ ನಾಲ್ಕು ವಾರ ಹಿಂದೆ ಎಣಿಸಿ ಅಂದಿನ ಪತ್ರಿಕೆ ತೆರೆಯಿರಿ.

ಮನೆಯ ಅಟ್ಟದಲ್ಲೋ ಹಳೆಯ ಟಾಕೀಸಿನ ಕೋಣೆಯಲ್ಲೋ 35 ಮಿ.ಮೀ. ರೀಲು ಸಿಕ್ಕರೆ ಪ್ರೊಜೆಕ್ಟರಿಗೆ ಹಾಕಬೇಡಿ. 1950ರ ದಶಕದ ಆರಂಭದವರೆಗಿನದಾದರೆ ಅದು ಬೇಗ ಬೆಂಕಿ ಹಿಡಿಯುವ ನೈಟ್ರೇಟ್ ಫಿಲ್ಮು ಆಗಿರುವ ಸಾಧ್ಯತೆ ಹೆಚ್ಚು. ಹೊತ್ತಿಕೊಂಡರೆ ನೀರಿನೊಳಗೂ ಉರಿಯುತ್ತದೆ, ಏಕೆಂದರೆ ಉರಿಯಲು ಬೇಕಾದ ಆಮ್ಲಜನಕ ಅದರಲ್ಲೇ ಇದೆ. ಅಂಚಿನಲ್ಲಿ ‘ಸೇಫ್ಟಿ’ ಎಂದು ಬರೆದಿದ್ದರೆ ಭಯವಿಲ್ಲ, ಆದರೆ ಆ ಬರಹ ಮೂಲದಿಂದ ನಕಲಾಗಿಯೂ ಬಂದಿರಬಹುದು. ಹುಳಿ ವಾಸನೆ ಬಂದರೆ ಅದು ಹಾಳಾಗುತ್ತಿರುವ ಅಸಿಟೇಟ್, ಅಂದರೆ ಸೇಫ್ಟಿ ಫಿಲ್ಮು. ಅಂಟಂಟಾಗಿ, ಕಂದು ಪುಡಿ ಉದುರುತ್ತ, ಮೂಗಿಗೆ ಖಾರ ಹೊಡೆದರೆ ನೈಟ್ರೇಟ್. ಈಸ್ಟ್‌ಮನ್ ಫಿಲ್ಮಾದರೆ ಅಂಚಿನಲ್ಲಿ ವೃತ್ತ, ಚೌಕ, ತ್ರಿಕೋನಗಳ ಸಣ್ಣ ಗುರುತು ಇರುತ್ತದೆ. 1916ರಿಂದ ಶುರುವಾದ ಈ ಗುರುತುಗಳು ಫಿಲ್ಮು ತಯಾರಾದ ವರ್ಷವನ್ನು ಹೇಳುತ್ತವೆ, 20 ವರ್ಷಕ್ಕೊಮ್ಮೆ ಮರುಕಳಿಸುತ್ತವೆ. ಅದು ಚಿತ್ರಿಸಿದ ವರ್ಷವಲ್ಲ, ಆ ಪ್ರತಿಯ ಫಿಲ್ಮು ಹುಟ್ಟಿದ ವರ್ಷ. ಗುರುತಿನ ಫೋಟೊ ತೆಗೆದುಕೊಂಡು, ಡಬ್ಬಿಯ ಮುಚ್ಚಳ ಬಿಗಿ ಮಾಡದೆ, ತಂಪಾದ ಗಾಳಿಯಾಡುವ ಜಾಗದಲ್ಲಿ, ದೀಪ ಮತ್ತು ಒಲೆಯಿಂದ ದೂರವಿಟ್ಟು ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ಬರೆಯಿರಿ. ಅಂಚೆಯಲ್ಲೋ ಕೊರಿಯರಿನಲ್ಲೋ ಮಾತ್ರ ಕಳಿಸಬೇಡಿ.